ಒಂಬತ್ತು ಮೈಕ್ರಾನಿನ ದಾರಿ: ಅಳವಂಡಿಯ ವರ್ತಕರು ಕೇಳಬೇಕಾದ ಲೆಕ್ಕ

ಕೊಪ್ಪಳ ಜಿಲ್ಲೆಯ ಹೋಬಳಿ ಕೇಂದ್ರಗಳ ವ್ಯಾಪಾರ ಇಂದು ತಕ್ಕಡಿಯನ್ನು ಅವಲಂಬಿಸಿರುವಷ್ಟೇ ಅಂತರ್ಜಾಲವನ್ನೂ ಅವಲಂಬಿಸಿದೆ ಎಂಬುದರಲ್ಲಿ ಎರಡು ಮಾತಿಲ್ಲ. 2017ರ ಜುಲೈ 1ರಂದು ಜಿಎಸ್‌ಟಿ ಜಾರಿಗೆ ಬಂದಿತು. 2018ರ ಏಪ್ರಿಲ್ 1ರಿಂದ ರಾಜ್ಯದೊಳಗಿನ ಸರಕು ಸಾಗಣೆಗೂ ಇ-ವೇ ಬಿಲ್ ವ್ಯವಸ್ಥೆಯನ್ನು ಅನ್ವಯಿಸಿದ ಮೊದಲ ರಾಜ್ಯ ಕರ್ನಾಟಕ. ಅಳವಂಡಿಯಲ್ಲಿ ಗೊಬ್ಬರ ಮಾರುವವರಿಗೆ ಪಿಒಎಸ್ ಯಂತ್ರ ನಡೆಯಬೇಕು. ಸಿಮೆಂಟು, ಕಬ್ಬಿಣ ತರಿಸುವವರಿಗೆ ಬಿಲ್ ಹೊರಡಬೇಕು. ಚಹಾದಂಗಡಿಯವರಿಗೂ ಯುಪಿಐ ಹಣ ಜಮೆಯಾಗಬೇಕು. ಮೊಬೈಲಿನ ಸಂಕೇತ ಗಾಳಿಯಲ್ಲಿ ಬಂದರೂ ಬಹಳಷ್ಟು ಟವರುಗಳ ಬೆನ್ನಿಗಿರುವುದು ನೆಲದಡಿಯ ಗಾಜಿನ ತಂತುವೇ. ಆದರೂ ಸಂಪರ್ಕ ಕಡಿದಾಗ ‘ನೆಟ್ ಇಲ್ಲ’ ಎಂದು ಗಿರಾಕಿಯನ್ನು ಹಿಂದಕ್ಕೆ ಕಳುಹಿಸಿ ಸುಮ್ಮನಾಗುವುದು ವರ್ತಕರ ರೂಢಿಯಾಗಿದೆ. ಸಂಪರ್ಕಕ್ಕೆ ಹಣ ಕೊಡುವ ವರ್ತಕನು ಕೇಳಬೇಕಾದದ್ದು ವೇಗ ಎಷ್ಟು ಎಂಬುದನ್ನು ಮಾತ್ರವಲ್ಲ. ತನ್ನ ಬಾಗಿಲಿಗೆ ಬರುವಷ್ಟರಲ್ಲಿ ಎಷ್ಟು ಬೆಳಕು ನಷ್ಟವಾಗಿದೆ ಎಂಬ ಲೆಕ್ಕವನ್ನೂ ಅವನು ಕೇಳಬೇಕು.

ಈ ಲೆಕ್ಕದ ಮಹತ್ವ ತಿಳಿಯಬೇಕಾದರೆ ತಂತುವಿನ ಅಳತೆಯನ್ನು ಗಮನಿಸಬೇಕು. ದೂರಸಂಪರ್ಕದಲ್ಲಿ ಬಳಸುವ ಸಿಂಗಲ್ ಮೋಡ್ ತಂತುವಿನ ತಿರುಳು ಕೇವಲ 8ರಿಂದ 9 ಮೈಕ್ರಾನ್ ವ್ಯಾಸದ್ದು. ಮೈಕ್ರಾನ್ ಎಂದರೆ ಮಿಲಿಮೀಟರಿನ ಸಾವಿರದ ಒಂದು ಭಾಗ. ಕೊಪ್ಪಳದ ಮಗ್ಗುಲಿನ ಭಾಗ್ಯನಗರದಲ್ಲಿ ವ್ಯಾಪಾರವಾಗುವ ತಲೆಗೂದಲಿನ ದಪ್ಪ ಸುಮಾರು 70 ಮೈಕ್ರಾನ್ ಎಂದು ಹಿಡಿದರೆ, ತಿರುಳು ಅದರ ಎಂಟನೆಯ ಒಂದು ಪಾಲು. ಈ ತಿರುಳಿನ ಸುತ್ತ 125 ಮೈಕ್ರಾನ್ ವ್ಯಾಸದ ಗಾಜಿನ ಹೊದಿಕೆ, ಅದರ ಮೇಲೆ ಸುಮಾರು 250 ಮೈಕ್ರಾನಿನವರೆಗೆ ಪ್ಲಾಸ್ಟಿಕ್ ಲೇಪವಿರುತ್ತದೆ. ಬೆಳಕು ತಿರುಳಿನ ಅಂಚಿನಾಚೆಗೂ ಕೊಂಚ ಹರಡಿಕೊಂಡು ಸಾಗುವುದರಿಂದ, ಅಂತರರಾಷ್ಟ್ರೀಯ ದೂರಸಂಪರ್ಕ ಒಕ್ಕೂಟದ ಜಿ.652 ಮಾನಕವು ತಿರುಳಿನ ಬದಲು ‘ಮೋಡ್ ಫೀಲ್ಡ್’ ವ್ಯಾಸವನ್ನು ನಿಗದಿಪಡಿಸುತ್ತದೆ. 1310 ನ್ಯಾನೋಮೀಟರ್ ತರಂಗಾಂತರದಲ್ಲಿ ಅದು 8.6ರಿಂದ 9.2 ಮೈಕ್ರಾನ್.

ಕೊಳವೆ ದಪ್ಪವಿದ್ದಷ್ಟೂ ನೀರು ಹೆಚ್ಚು ಹರಿಯುತ್ತದೆ ಎಂಬುದು ಹೊಲದ ಅನುಭವ. ಗಾಜಿನ ತಂತುವಿನ ವಿಷಯದಲ್ಲಿ ಈ ತರ್ಕ ತಲೆಕೆಳಗಾಗುತ್ತದೆ. 50 ಅಥವಾ 62.5 ಮೈಕ್ರಾನ್ ತಿರುಳಿನ ಮಲ್ಟಿಮೋಡ್ ತಂತುವಿನಲ್ಲಿ ಬೆಳಕು ಏಕಕಾಲಕ್ಕೆ ನೂರಾರು ಹಾದಿಗಳನ್ನು ಹಿಡಿಯುತ್ತದೆ. ಕೆಲವು ಹಾದಿ ನೇರ, ಕೆಲವು ಬಳಸು. ಒಟ್ಟಿಗೆ ಹೊರಟ ಬೆಳಕು ಹಿಂದುಮುಂದಾಗಿ ತಲುಪಿದರೆ ಒಂದು ಸಂಕೇತ ಇನ್ನೊಂದರ ಮೇಲೆ ಬಿದ್ದು ಕಲಸಿಹೋಗುತ್ತದೆ. ತಿರುಳು ಒಂಬತ್ತು ಮೈಕ್ರಾನಿಗೆ ಇಳಿದು, ತರಂಗಾಂತರ 1260 ನ್ಯಾನೋಮೀಟರಿಗಿಂತ ಹೆಚ್ಚಿದ್ದಾಗ ಬೆಳಕಿಗೆ ಉಳಿಯುವುದು ಒಂದೇ ಹಾದಿ. ಸೆಕೆಂಡಿಗೆ 10 ಗಿಗಾಬಿಟ್ ವೇಗದಲ್ಲಿ ಹಳೆಯ 62.5 ಮೈಕ್ರಾನ್ ತಂತುವಿನ ಸಾಮಾನ್ಯ ಮಿತಿ 33 ಮೀಟರ್; ಅದೇ ವೇಗದಲ್ಲಿ ಸಿಂಗಲ್ ಮೋಡ್ ತಂತು ಸಾಮಾನ್ಯ ಉಪಕರಣದೊಡನೆಯೇ 10 ಕಿಲೋಮೀಟರ್ ಕ್ರಮಿಸುತ್ತದೆ.

ಗಾಜಿನ ಶುದ್ಧತೆಯ ಪ್ರಶ್ನೆ ಬಹುಮಟ್ಟಿಗೆ ಬಗೆಹರಿದಿದೆ. ಚಾರ್ಲ್ಸ್ ಕಾವೊ ಹಾಗೂ ಜಾರ್ಜ್ ಹಾಕ್‌ಹ್ಯಾಮ್ 1966ರಲ್ಲಿ, ನಷ್ಟವನ್ನು ಕಿಲೋಮೀಟರಿಗೆ 20 ಡೆಸಿಬೆಲ್‌ಗೆ ಇಳಿಸಿದರೆ ಗಾಜಿನ ಮೂಲಕ ದೂರಸಂಪರ್ಕ ಸಾಧ್ಯವೆಂದು ತೋರಿಸಿದರು. 20 ಡೆಸಿಬೆಲ್ ಎಂದರೆ ನೂರರಲ್ಲಿ ಒಂದು ಪಾಲು ಬೆಳಕು ಮಾತ್ರ ಉಳಿಯುವುದು. ಅಮೆರಿಕದ ಕಾರ್ನಿಂಗ್ ಕಂಪನಿಯ ವಿಜ್ಞಾನಿಗಳು 1970ರಲ್ಲಿ ಆ ಗುರಿ ಮುಟ್ಟಿದರು; ಕಾವೊ ಅವರಿಗೆ 2009ರಲ್ಲಿ ನೊಬೆಲ್ ಪಾರಿತೋಷಕ ಸಂದಿತು. ಇಂದು 1550 ನ್ಯಾನೋಮೀಟರಿನಲ್ಲಿ ಉತ್ತಮ ತಂತುವಿನ ನಷ್ಟ ಕಿಲೋಮೀಟರಿಗೆ ಸುಮಾರು 0.2 ಡೆಸಿಬೆಲ್. ಅಂದರೆ ಒಂದು ಕಿಲೋಮೀಟರ್ ಸಾಗಿದ ಮೇಲೂ ಶೇಕಡಾ 95ರಷ್ಟು ಬೆಳಕು ಉಳಿದಿರುತ್ತದೆ.

ಹಾಗಾದರೆ ದೋಷವಿರುವುದೆಲ್ಲಿ? ಬಹುತೇಕ ಜೋಡಣೆಯಲ್ಲಿ. ಎರಡು ತಂತುಗಳನ್ನು ಬೆಸೆಯುವಾಗ ಒಂದರ ತಿರುಳು ಇನ್ನೊಂದರ ತಿರುಳಿಗೆ ನೇರವಾಗಿ ಎದುರಾಗಬೇಕು. ಒಂದೇ ಒಂದು ಮೈಕ್ರಾನ್ ಪಕ್ಕಕ್ಕೆ ಸರಿದರೂ ಸುಮಾರು 0.2 ಡೆಸಿಬೆಲ್ ನಷ್ಟ. ಒಂದು ಕಿಲೋಮೀಟರ್ ಗಾಜು ನುಂಗುವಷ್ಟು ಬೆಳಕನ್ನು ಒಂದು ಮೈಕ್ರಾನಿನ ತಪ್ಪು ನುಂಗುತ್ತದೆ. ಎರಡು ಮೈಕ್ರಾನ್ ಸರಿದರೆ ನಷ್ಟ ಇಮ್ಮಡಿಯಲ್ಲ, ನಾಲ್ಕು ಪಟ್ಟು. ಕನೆಕ್ಟರಿನ ಮುಖಕ್ಕೆ ಅಂಟಿದ ಧೂಳಿನ ಕಣವೊಂದು ಇಡೀ ತಿರುಳನ್ನೇ ಮುಚ್ಚಬಲ್ಲದು.

ಇದನ್ನು ಅಳವಂಡಿಯಂತಹ ಊರಿಗೆ ಅನ್ವಯಿಸಿ ನೋಡಬಹುದು. ಭಾರತ್‌ನೆಟ್ ಯೋಜನೆಯಲ್ಲೂ ಖಾಸಗಿ ಮನೆ ಸಂಪರ್ಕಗಳಲ್ಲೂ ಬಳಕೆಯಲ್ಲಿರುವ ಜಿ-ಪಾನ್ ಪದ್ಧತಿಯ ಸಾಮಾನ್ಯ ದರ್ಜೆಯಲ್ಲಿ ಒಟ್ಟು 28 ಡೆಸಿಬೆಲ್ ನಷ್ಟಕ್ಕೆ ಅವಕಾಶವಿದೆ. ಕೇಂದ್ರದಿಂದ ಗ್ರಾಹಕರವರೆಗೆ 20 ಕಿ.ಮೀ. ಎಂದು ಭಾವಿಸಿದರೆ 1310 ನ್ಯಾನೋಮೀಟರಿನಲ್ಲಿ ಗಾಜಿನ ಪಾಲು 7 ಡೆಸಿಬೆಲ್. ಬೆಳಕನ್ನು 32 ಗ್ರಾಹಕರಿಗೆ ಹಂಚುವ ಸ್ಪ್ಲಿಟರಿನ ಪಾಲು ಸುಮಾರು 17. ಉಳಿಯುವುದು ನಾಲ್ಕೇ ಡೆಸಿಬೆಲ್. ಅದರಲ್ಲಿ ಕನೆಕ್ಟರುಗಳಿಗೆ 1.2 ಹೋಯಿತು. ಎರಡು ಕಿ.ಮೀ. ಸುರುಳಿಗಳಲ್ಲಿ ಬರುವ ಕೇಬಲ್‌ಗೆ ಹತ್ತು ಬೆಸುಗೆ ಬೇಕು. ಒಂದಕ್ಕೆ 0.05ರಂತೆ ಚೊಕ್ಕವಾಗಿ ಬೆಸೆದರೆ ಅರ್ಧ ಡೆಸಿಬೆಲ್ ಖರ್ಚಾಗಿ 2.3 ಕೈಯಲ್ಲುಳಿಯುತ್ತದೆ. ಅವಸರದಲ್ಲಿ 0.2ರಂತೆ ಬೆಸೆದರೆ ಎರಡು ಡೆಸಿಬೆಲ್ ಖರ್ಚಾಗಿ ಉಳಿಯುವುದು 0.8 ಮಾತ್ರ.

ಇನ್ನು ಅಗೆತದ ಮಾತು. ರಸ್ತೆ ಅಗಲೀಕರಣ, ನೀರಿನ ಪೈಪು, ಚರಂಡಿ ಎಂದು ಜೆಸಿಬಿ ಇಳಿದಾಗ ಕೇಬಲ್ ತುಂಡಾದರೆ, ಸಾಮಾನ್ಯವಾಗಿ ನಡುವೆ ಹೊಸ ತುಣುಕು ಸೇರಿಸಿ ಎರಡು ಬೆಸುಗೆ ಹಾಕಬೇಕಾಗುತ್ತದೆ. ಎರಡು ಬಾರಿ ತುಂಡಾದರೆ ನಾಲ್ಕು ಬೆಸುಗೆ, 0.2ರಂತೆ ಉಳಿದಿದ್ದ 0.8 ಡೆಸಿಬೆಲ್ ಅಲ್ಲಿಗೆ ಮುಗಿಯಿತು. ಆಮೇಲಿನ ಸಂಪರ್ಕ ಪೂರ್ತಿ ಸಾಯುವುದಿಲ್ಲ, ಬಂದು ಹೋಗುತ್ತಿರುತ್ತದೆ. ವರ್ತಕನಿಗೆ ಹೆಚ್ಚು ಹಾನಿ ಇಂತಹ ಸಂಪರ್ಕದಿಂದಲೇ, ಏಕೆಂದರೆ ದೂರು ಕೊಟ್ಟಾಗ ಎಲ್ಲವೂ ಸರಿಯಿರುವಂತೆ ಕಾಣುತ್ತದೆ. ಬೇಸಿಗೆಯಲ್ಲಿ ಬಿರಿದು ಮಳೆಗಾಲದಲ್ಲಿ ಉಬ್ಬುವ ಎರೆ ಭೂಮಿಯಲ್ಲಿ ಕೇಬಲನ್ನು ಮೇಲುಮೇಲಕ್ಕೆ ಹೂಳುವುದಂತೂ ತರವಲ್ಲ. ತಂತು ಅತಿಯಾಗಿ ಬಾಗಿದಲ್ಲಿ ಬೆಳಕು ತಿರುಳಿನಿಂದ ಹೊರಗೆ ಸೋರುತ್ತದೆ. ಅಗೆಯುವ ಮುನ್ನ ಮಾಹಿತಿ ನೀಡಲೆಂದು ಕೇಂದ್ರ ಸರ್ಕಾರ 2023ರ ಮಾರ್ಚ್‌ನಲ್ಲಿ ‘ಕಾಲ್ ಬಿಫೋರ್ ಯು ಡಿಗ್’ ಆ್ಯಪ್ ಜಾರಿಗೆ ತಂದಿದೆ. ಗುತ್ತಿಗೆದಾರರಷ್ಟೇ ಅಲ್ಲ, ಗೋದಾಮಿನ ಬುನಾದಿ ತೋಡಿಸುವ ವರ್ತಕರೂ ಅದನ್ನು ಬಳಸಬೇಕು.

ಮೈಕ್ರಾನು, ಡೆಸಿಬೆಲ್‌ಗಳ ಗೊಡವೆ ವ್ಯಾಪಾರಿಗಳಿಗೇಕೆ, ಅದು ಕಂಪನಿಯವರ ಹೊಣೆಯಲ್ಲವೇ ಎಂದು ಕೆಲವರು ಆಕ್ಷೇಪಿಸಬಹುದು. ಕಂಬದವರೆಗಿನ ಹೊಣೆ ಕಂಪನಿಯದು, ನಿಜ. ಆದರೆ ಕಚೇರಿಯಿಂದ ಗೋದಾಮಿಗೆ, ವೇಬ್ರಿಜ್‌ಗೆ, ಕ್ಯಾಮೆರಾಗಳಿಗೆ ಎಳೆಯುವ ತಂತುವನ್ನು ಕೊಳ್ಳುವವನು ಮಾಲೀಕನೇ. ಗಾಜು ವಿದ್ಯುತ್ತನ್ನು ಹರಿಸದ ಕಾರಣ ಮಿಲ್ಲಿನ ಮೋಟಾರುಗಳ ಅಡಚಣೆ ಅದಕ್ಕೆ ತಟ್ಟದು. ಆ ದೃಷ್ಟಿಯಿಂದ ತಾಮ್ರಕ್ಕಿಂತ ಅದು ಮೇಲು. ಸಿಂಗಲ್ ಮೋಡ್ ಕೇಬಲ್ ಮಲ್ಟಿಮೋಡ್‌ಗಿಂತ ಅಗ್ಗವೂ ಹೌದು. ಆದರೆ ಎರಡನ್ನೂ ಬೆರೆಸಿ ಜೋಡಿಸಿದರೆ ದೊಡ್ಡ ತಿರುಳಿನ ಬೆಳಕಿನ ಬಹುಪಾಲು ಸಣ್ಣ ತಿರುಳನ್ನು ಹೊಗದೆ ವ್ಯರ್ಥವಾಗುತ್ತದೆ. ಹಸಿರು ಕನೆಕ್ಟರಿನ ಮುಖ ಎಂಟು ಡಿಗ್ರಿ ಓರೆ, ನೀಲಿಯದು ನೇರ. ಒಂದಕ್ಕೊಂದು ಸಿಕ್ಕಿಸುವುದು ತಪ್ಪು. ಬಿಲ್ಲಿನಲ್ಲಿ ‘ಫೈಬರ್ ಕೇಬಲ್’ ಎಂದಷ್ಟೇ ಬರೆದಿದ್ದರೆ ಏನನ್ನು ಕೊಂಡಂತಾಯಿತು?

ಈ ದಿಸೆಯಲ್ಲಿ ವಾಣಿಜ್ಯ ಸಂಸ್ಥೆಗಳು ಮುಂದಾಗುವುದು ಅವಶ್ಯ. ಹೊಲದ ಹಾದಿಯ ಕೇಬಲ್ ಜಿ.652.ಡಿ, ಅಂಗಡಿಯೊಳಗೆ ಬಾಗುವ ಕೇಬಲ್ ಜಿ.657.ಎ ಎಂದು ಬಿಲ್ಲಿನಲ್ಲಿ ನಮೂದಾಗುವಂತೆ ಸದಸ್ಯರು ಪಟ್ಟು ಹಿಡಿಯಬೇಕು. ಪ್ರತಿ ಬೆಸುಗೆಯ ನಷ್ಟದ ದಾಖಲೆಯನ್ನು ಕೇಳಬೇಕು. ಸಂಪರ್ಕ ಕೊಟ್ಟ ದಿನ ಅಂಗಡಿಯ ಪೆಟ್ಟಿಗೆಗೆ ಬಂದು ತಲುಪಿದ ಬೆಳಕಿನ ಅಳತೆಯನ್ನು ಚೀಟಿಯಲ್ಲಿ ಬರೆಸಿ ಅಲ್ಲಿಯೇ ಅಂಟಿಸಬೇಕು. ಜಿ-ಪಾನ್ ಪೆಟ್ಟಿಗೆಗೆ ಇದು ಮೈನಸ್ 8 ಮತ್ತು ಮೈನಸ್ 27 ಡಿಬಿಎಂ ನಡುವೆ ಇರಬೇಕಾದದ್ದು. ಮೊದಲ ದಿನ ಮೈನಸ್ 22 ಇದ್ದದ್ದು ಆರು ತಿಂಗಳಿಗೆ ಮೈನಸ್ 26ಕ್ಕೆ ಕುಸಿದಿದ್ದರೆ ದೂರಿಗೆ ಬೇರೆ ಸಾಕ್ಷಿ ಬೇಕಾಗಿಲ್ಲ.

2011ರಲ್ಲಿ ಮಂಜೂರಾದ ರಾಷ್ಟ್ರೀಯ ಜಾಲವೇ 2015ರಲ್ಲಿ ಭಾರತ್‌ನೆಟ್ ಆಯಿತು. 2023ರ ಆಗಸ್ಟ್‌ನಲ್ಲಿ ಅದರ ಪರಿಷ್ಕೃತ ಯೋಜನೆಗೆ ಕೇಂದ್ರ ಸಂಪುಟ 1,39,579 ಕೋಟಿ ರೂಪಾಯಿಗಳ ಮಂಜೂರಾತಿ ನೀಡಿತು. ಇಷ್ಟು ಹಣದ ತಂತು ನೆಲಕ್ಕಿಳಿದರೂ, ಅದನ್ನು ಬೆಸೆಯುವ ನುರಿತ ಕೈಗಳು ಜಿಲ್ಲಾ ಕೇಂದ್ರದಿಂದಲೇ ಬರಬೇಕೆಂದರೆ ಹೋಬಳಿಯ ವರ್ತಕರು ದಿನಗಟ್ಟಲೆ ಕಾಯುವುದು ತಪ್ಪದು. ನಾಲ್ಕಾರು ಹೋಬಳಿಗಳ ವರ್ತಕರು ಕೂಡಿ ಒಂದು ಬೆಸುಗೆ ಯಂತ್ರವನ್ನೂ ಒಂದು ಬೆಳಕಿನ ಮಾಪಕವನ್ನೂ ಕೊಂಡು, ಐಟಿಐ ಕಲಿತ ಸ್ಥಳೀಯ ಯುವಕರಿಗೆ ತರಬೇತಿ ಕೊಡಿಸಿದರೆ ಅದು ಅವರಿಗೆ ಉದ್ಯೋಗ, ವರ್ತಕರಿಗೆ ಭದ್ರತೆ. ತೂಕದ ಕಲ್ಲಿಗೆ ಎರಡು ವರ್ಷಕ್ಕೊಮ್ಮೆ ಮುದ್ರೆ ಹಾಕಿಸುವ ವರ್ತಕ ಸಮುದಾಯಕ್ಕೆ ಬೆಳಕನ್ನೂ ತೂಗಿಸಿ ನೋಡುವುದು ಹೊಸ ಪಾಠವೇನಲ್ಲ.