ಟಿ.ವಿಗೆ ಹೋಗುವ ಮೊದಲು ನಾಲ್ಕು ಮಾತು ಕೇಳಿ

ಹೋದ ತಿಂಗಳು ನಮಗೆ ಬೆಂಗಳೂರಿನಿಂದ ಒಂದು ಫೋನ್ ಬಂತು. ‘ನಿಮ್ಮ ಹುಲಸೂರ ಕಡೆ ಅತ್ತೆ-ಸೊಸೆ ಜಗಳದ ಒಳ್ಳೆ ಕೇಸ್ ಇದ್ದರೆ ಕಳಿಸಿ. ಬಸ್ ಚಾರ್ಜು, ಊಟ ನಾವೇ ಕೊಡ್ತೀವಿ. ಸ್ಟುಡಿಯೋದಲ್ಲಿ ಸ್ವಲ್ಪ ಅಳಬೇಕು, ಅಷ್ಟೇ.’

ಕೇಸ್ ಇತ್ತು. ಹೊಲ ಮಗನ ಹೆಸರಿಗೆ ಮಾಡಿಕೊಟ್ಟು, ಈಗ ಎರಡು ರೊಟ್ಟಿಗೂ ಪರದಾಡುವ ತಾಯಿ. ಅವರು ಕೇಳಿದ್ದು ಇಷ್ಟೇ: ‘ಟಿ.ವಿದಾಗ ಹೇಳಿದ್ರ ನ್ಯಾಯ ಸಿಗ್ತದಂತ, ಖರೇ ಏನು ತಮ್ಮಾ?’

ನಾವು ಹೌದು ಅನ್ನಲಿಲ್ಲ. ಕೆಲವು ವರ್ಷಗಳ ಹಿಂದೆ ಹೀಗೇ ಒಬ್ಬರನ್ನು ಕಳಿಸಿದ್ದೆವು. ಅವರು ಎರಡು ತಾಸು ಮಾತಾಡಿದ್ದರು, ಬಂದದ್ದು ಕೆಲವೇ ನಿಮಿಷ. ಅತ್ತಿದ್ದಕ್ಕೆ ನಗೆಯ ಮ್ಯೂಸಿಕ್ ಹಾಕಿದ್ದರು. ಆ ತುಣುಕು ಊರಿನ ವಾಟ್ಸಾಪ್ ಗ್ರೂಪಿನಲ್ಲಿ ಓಡಾಡಿತು. ಅವರು ಚಹಾದಂಗಡಿಗೆ ಬರುವುದನ್ನೇ ಬಿಟ್ಟರು. ತಪ್ಪಿನಲ್ಲಿ ನಮ್ಮ ಪಾಲೂ ಇದೆ.

ಹಳ್ಳಿಯವರು ಟಿ.ವಿಗೆ ಹೋಗಲೇಬಾರದು ಎಂದು ನಾವು ಹೇಳುತ್ತಿಲ್ಲ. ಹಾವೇರಿ ಜಿಲ್ಲೆ ಸವಣೂರು ತಾಲ್ಲೂಕಿನ ಕುರಿ ಕಾಯುವ ಹುಡುಗ ಹನುಮಂತ ಲಮಾಣಿ ‘ಸರಿಗಮಪ’ದಲ್ಲಿ ಹಾಡಿ ಮನೆಮಾತಾದರು. 2025ರ ಜನವರಿಯಲ್ಲಿ ‘ಬಿಗ್ ಬಾಸ್’ 11ನೇ ಸೀಸನ್ ಗೆದ್ದಾಗ ನಮ್ಮ ಕಡೆಯ ತಾಂಡಾಗಳಲ್ಲೂ ಜನ ತಮ್ಮ ಮನೆ ಮಗನೇ ಗೆದ್ದಂತೆ ಖುಷಿಪಟ್ಟರು. ಅವರ ಕೈಯಲ್ಲಿ ಹಾಡಿತ್ತು. ಬರೀ ದುಃಖ ತರಲು ಕರೆಸಿಕೊಂಡವರಿಗೆ ಆ ಬಲ ಇರುವುದಿಲ್ಲ.

ಎಚ್.ಡಿ. ಕೋಟೆ ಕಾಡಂಚಿನ ಬಳ್ಳೆ ಹಾಡಿಯ ರಾಜೇಶನನ್ನೂ ನೆನೆಯಬೇಕು. ‘ಹಳ್ಳಿ ಹೈದ ಪ್ಯಾಟೆಗ್ ಬಂದ’ ಗೆದ್ದ, ‘ಜಂಗಲ್ ಜಾಕಿ’ ಸಿನಿಮಾದ ಹೀರೋ ಆದ. 2013ರ ನವೆಂಬರ್‌ನಲ್ಲಿ ಮೈಸೂರಿನಲ್ಲಿ ಕಟ್ಟಡದಿಂದ ಬಿದ್ದು ತೀರಿಕೊಂಡ. ಆ ಸಾವನ್ನು ಒಂದು ಷೋ ಮೇಲೆ ಹೊರಿಸುವುದು ಸರಿಯಲ್ಲ. ಆದರೆ ಕಾಡಿನ ಹುಡುಗನನ್ನು ಒಮ್ಮೆಲೇ ಬೆಳಕಿಗೆ ತಂದವರು, ಬೆಳಕು ಆರಿದ ಮೇಲೆ ಅವನ ಜೊತೆ ಯಾರಿರುತ್ತಾರೆ ಎಂದೂ ಯೋಚಿಸಬೇಕಲ್ಲವೇ?

ನಮ್ಮ ಪಕ್ಕದ ಬಸವಕಲ್ಯಾಣದಲ್ಲಿ 12ನೇ ಶತಮಾನದಲ್ಲೇ ಅಂಬಿಗರು, ಮಡಿವಾಳರು, ಕಾಯಕದ ಹೆಣ್ಣುಮಕ್ಕಳು ತಮ್ಮ ಮಾತನ್ನು ತಾವೇ ಆಡಿದ್ದರು. ಅಂಥ ನೆಲದವರು ನಾವು. ನಮ್ಮ ಮಾತಿಗೆ ಕತ್ತರಿ ಹಾಕುವವರು ಯಾರೆಂದು ಕೇಳಲು ಹಿಂಜರಿಯಬೇಕಿಲ್ಲ.

ಆದ್ದರಿಂದ ಕರೆ ಬಂದರೆ ಈ ನಾಲ್ಕು ಮಾತು ಕೇಳಿ. ಸಹಿ ಹಾಕಿಸುವ ಕಾಗದ ಕನ್ನಡದಲ್ಲಿ ಇದೆಯೇ, ಒಂದು ಪ್ರತಿ ನಮಗೆ ಕೊಡುತ್ತೀರಾ? ಕೆಲಸ ಕೆಡುವ ದಿನಗಳ ಕೂಲಿ ಎಷ್ಟು? ಮನೆಯ ಮಕ್ಕಳ ಮುಖ, ಹೆಸರು ತೋರಿಸುತ್ತೀರಾ? ಯೂಟ್ಯೂಬ್‌ನಿಂದ ತೆಗೆಸಬೇಕೆಂದರೆ ಯಾರಿಗೆ ಹೇಳಬೇಕು? ಉತ್ತರ ಸಿಗದಿದ್ದರೆ ಹೋಗಬೇಡಿ.

ನ್ಯಾಯವೇ ಬೇಕಿದ್ದರೆ ದಾರಿ ಬೇರೆ ಇದೆ. ಹಿರಿಯರನ್ನು ಮಕ್ಕಳು ನೋಡಿಕೊಳ್ಳದಿದ್ದರೆ 2007ರ ಕಾಯ್ದೆಯಡಿ ಉಪವಿಭಾಗದ ಎ.ಸಿ. ಸಾಹೇಬರಿಗೆ ಅರ್ಜಿ ಕೊಡಬಹುದು. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಕಾನೂನು ಸೇವಾ ಪ್ರಾಧಿಕಾರದಿಂದ ವಕೀಲರ ನೆರವು ಪುಕ್ಕಟೆ. ಸಹಾಯವಾಣಿ 15100. ಮನಸ್ಸು ಕುಗ್ಗಿದವರಿಗೆ ಟೆಲಿಮಾನಸ್ 14416 ಇದೆ, ಕನ್ನಡದಲ್ಲೇ ಮಾತಾಡುತ್ತಾರೆ.

ಆ ತಾಯಿ ಬೆಂಗಳೂರಿಗೆ ಹೋಗಲಿಲ್ಲ. ಬಸವಕಲ್ಯಾಣಕ್ಕೆ ಹೋಗಿ ಅರ್ಜಿ ಕೊಟ್ಟು ಬಂದರು. ವಿಚಾರಣೆ ಇನ್ನೂ ಮುಗಿದಿಲ್ಲ, ಎರಡು ಸಲ ಓಡಾಡಿದ್ದಾರೆ. ಬೆಂಗಳೂರಿನವರು ಮತ್ತೆ ನಮಗೆ ಫೋನ್ ಮಾಡಿಲ್ಲ. ಅಡ್ಡಿಯಿಲ್ಲ.

ಓದುಗರಲ್ಲಿ ಒಂದೇ ಮನವಿ. ನಮ್ಮೂರಿನವರು ಅಳುವ ವಿಡಿಯೊ ನಿಮ್ಮ ಫೋನಿಗೆ ಬಂದರೆ, ಮುಂದಕ್ಕೆ ಕಳಿಸಬೇಡಿ. ನಾಳೆ ಅವರು ಅದೇ ಸಂತೆಗೆ, ಅದೇ ಬಸ್ಸಿಗೆ ಬರಬೇಕು.