ಮಗು ಇರುವ ಊರು ಯಾವುದು?

ಸಹೋದರಿಯರೇ, ಹೀಗೊಂದು ಸಂದರ್ಭವನ್ನು ಊಹಿಸಿಕೊಳ್ಳಿ. ಕಂಪ್ಲಿಯ ಹುಡುಗಿಯನ್ನು ಹೊಸಪೇಟೆಗೆ ಕೊಟ್ಟಿದೆ. ಸಂಸಾರ ಕೆಟ್ಟು, ಆಕೆ ನಾಲ್ಕು ವರ್ಷದ ಮಗನೊಂದಿಗೆ ತವರಿಗೆ ಬಂದಳು. ಎರಡು ವರ್ಷ ಮಗು ಕಂಪ್ಲಿಯ ಶಾಲೆಗೆ ಹೋಯಿತು. ಒಂದು ಸಂಜೆ ತಂದೆ ಶಾಲೆಯ ಬಾಗಿಲಿಂದಲೇ ಅವನನ್ನು ಹೊಸಪೇಟೆಗೆ ಕರೆದೊಯ್ದು, ಮರುವಾರ ಅಲ್ಲಿ ಅರ್ಜಿ ಹಾಕಿದ. ‘ಮೊದಲು ಹಾಕಿದವನು ಅವನೇ, ಇನ್ನು ಕೇಸು ಅವನ ಕಡೆಗೇ’ ಎಂದು ನೆರೆಯವರು ಹೆದರಿಸುತ್ತಾರೆ.

ಅದು ತಪ್ಪು ತಿಳುವಳಿಕೆ. 1890ರ ಪಾಲಕರು ಮತ್ತು ಪಾಲ್ಯರ ಕಾಯ್ದೆಯ 9ನೇ ಕಲಮಿನ ಪ್ರಕಾರ, ಮಗು ‘ಸಾಮಾನ್ಯವಾಗಿ ವಾಸಿಸುವ’ ಸ್ಥಳದ ನ್ಯಾಯಾಲಯಕ್ಕೇ ಮಗುವಿನ ಪಾಲಕತ್ವದ ಅರ್ಜಿ ಹೋಗಬೇಕು. ತಂದೆಯ ಮನೆ ಎಲ್ಲಿದೆ, ನಿಕಾಹ್ ಎಲ್ಲಾಯಿತು ಎಂಬುದಲ್ಲ. ಹಿಂದಿನ ವಾರ ಎತ್ತಿಕೊಂಡು ಹೋದ ಮಾತ್ರಕ್ಕೆ ಆ ಊರು ಮಗುವಿನ ವಾಸಸ್ಥಳವಾಗುವುದಿಲ್ಲ. ಈ ಮಾತು ತಾಯಂದಿರಿಗೂ ಅನ್ವಯಿಸುತ್ತದೆ, ಮರೆಯಬೇಡಿ.

ನಮ್ಮ ಕಡೆ ಗೊಂದಲ ಹೆಚ್ಚಾಗಲು ಇನ್ನೊಂದು ಕಾರಣವುಂಟು. ಹಿಂದೆ ಕಂಪ್ಲಿ ಹೊಸಪೇಟೆ ತಾಲೂಕಿನಲ್ಲೇ ಇತ್ತು. 2021ರಲ್ಲಿ ವಿಜಯನಗರ ಜಿಲ್ಲೆಯಾದಾಗ ಹೊಸಪೇಟೆ, ಹಂಪಿ ಅದಕ್ಕೆ ಸೇರಿದವು. ಕಂಪ್ಲಿ, ಸಂಡೂರು ಬಳ್ಳಾರಿಯಲ್ಲೇ ಉಳಿದವು. ಹಂಪಿಯಲ್ಲಿ ಹೊಳೆ ದಾಟಿದರೆ ಆನೆಗೊಂದಿ, ಅದು ಕೊಪ್ಪಳ ಜಿಲ್ಲೆ. ಹೆಣ್ಣು ಕೊಡುವವರು, ತರುವವರು ಜಿಲ್ಲೆಯ ಗಡಿ ನೋಡುತ್ತಾರೆಯೇ?

ಇಬ್ಬರೂ ಎರಡು ಕಡೆ ಪಾಲಕತ್ವದ ಅರ್ಜಿ ಹಾಕಿದರೆ? 14ನೇ ಕಲಮು ಇದಕ್ಕೆಂದೇ ಇದೆ. ಇನ್ನೊಂದು ಕಡೆಯ ಅರ್ಜಿಯ ವಿಷಯ ತಿಳಿದ ಕೂಡಲೇ ಎರಡೂ ನ್ಯಾಯಾಲಯಗಳು ವಿಚಾರಣೆ ನಿಲ್ಲಿಸಿ ಹೈಕೋರ್ಟಿಗೆ ವರದಿ ಮಾಡಬೇಕು; ಎಲ್ಲಿ ನಡೆಯಬೇಕೆಂದು ಹೈಕೋರ್ಟು ಹೇಳುತ್ತದೆ. ನಮಗೆ ಅದು ಧಾರವಾಡ ಪೀಠ. ಆದರೆ ‘ತಿಳಿದ ಕೂಡಲೇ’ ಎಂಬುದನ್ನು ಗಮನಿಸಿ. ತಿಳಿಸಬೇಕಾದವರು ನೀವೇ. ನೋಟೀಸು ಬಂದಾಗ ‘ಅದು ನಮ್ಮ ಕೋರ್ಟಲ್ಲ’ ಎಂದು ಸುಮ್ಮನೆ ಕುಳಿತರೆ ಏಕಪಕ್ಷೀಯ ಆದೇಶವಾಗಬಹುದು. ಮೊದಲ ಹಾಜರಾತಿಯಲ್ಲೇ ಆಕ್ಷೇಪಣೆ ಸಲ್ಲಿಸಿ.

ಹೊಡೆತ ಬಡಿತವಿದ್ದು ನೀವು ಸಂಡೂರಿನ ಅಕ್ಕನ ಮನೆಯಲ್ಲಿ ಆಶ್ರಯ ಪಡೆದಿದ್ದರೆ ಮಾತು ಬೇರೆ. 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯಡಿ, ನೀವು ತಾತ್ಕಾಲಿಕವಾಗಿ ಉಳಿದ ಊರಿನ ಮ್ಯಾಜಿಸ್ಟ್ರೇಟರ ಮುಂದೆಯೂ ಹೋಗಬಹುದು. ಮಗುವನ್ನು ತಾತ್ಕಾಲಿಕವಾಗಿ ನಿಮ್ಮ ಸುಪರ್ದಿಗೆ ಕೊಡುವ ಅಧಿಕಾರ ಅವರಿಗಿದೆ.

ಜಮಾಅತಿನ ಹಿರಿಯರು ಕೂಡಿಸಿ ಮಾತಾಡಿಸುವುದು ಒಳ್ಳೆಯದೇ. ಎಷ್ಟೋ ಮನೆಗಳು ಹಾಗೆ ಉಳಿದಿವೆ. ಆದರೆ ದಾರುಲ್ ಕಝಾದ ತೀರ್ಮಾನಕ್ಕೆ ಕಾನೂನಿನ ಬಲವಿಲ್ಲವೆಂದು 2014ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹನಫಿ ಪಂಥದ ಹಿಝಾನತ್ ಪ್ರಕಾರ ಗಂಡುಮಗು ಏಳು ವರ್ಷದವರೆಗೆ, ಹೆಣ್ಣುಮಗು ಪ್ರಾಯಕ್ಕೆ ಬರುವವರೆಗೆ ತಾಯಿಯ ಬಳಿ ಇರಬೇಕು. ನ್ಯಾಯಾಲಯ ಇದನ್ನೂ ನೋಡುತ್ತದೆ, ಮಗುವಿನ ಹಿತವನ್ನು ಅದಕ್ಕಿಂತ ಮುಂದೆ ಇಡುತ್ತದೆ.

ಹೊರದೇಶದ ಸಂಸಾರಗಳಲ್ಲಿ ಈ ಜಗಳ ಇನ್ನೂ ದೊಡ್ಡದು. ಅಮೆರಿಕದಲ್ಲಿ ಹುಟ್ಟಿದ ಮಗನನ್ನು ತಾಯಿ 2020ರಲ್ಲಿ ಬೆಂಗಳೂರಿಗೆ ಕರೆತಂದಳು. ಅಲ್ಲಿಯ ನ್ಯಾಯಾಲಯ ತಂದೆಯ ಪರ ಆದೇಶ ನೀಡಿತ್ತು. ಕರ್ನಾಟಕ ಹೈಕೋರ್ಟ್ ಮಗುವನ್ನು ಹಿಂದೆ ಕಳಿಸಲು ಒಪ್ಪಲಿಲ್ಲ. 2022ರ ಜುಲೈಯಲ್ಲಿ ಸುಪ್ರೀಂ ಕೋರ್ಟ್ ಕಳಿಸಲು ಹೇಳಿತು. ಮಗುವಿನ ಆಸೆ ಬೇರೆ, ಮಗುವಿನ ಹಿತ ಬೇರೆ ಎಂದಿತು. 2011ರಲ್ಲಿ ಅದೇ ನ್ಯಾಯಾಲಯ, ದೆಹಲಿಯ ಶಾಲೆಯಲ್ಲಿ ಓದುತ್ತಿದ್ದ ಇನ್ನೊಂದು ಮಗುವಿನ ವಿಷಯದಲ್ಲಿ, ಅಮೆರಿಕದ ಆದೇಶವಿದ್ದರೂ ದೆಹಲಿ ನ್ಯಾಯಾಲಯವೇ ವಿಚಾರಿಸಬಹುದೆಂದಿತ್ತು. ಇಂಥದ್ದರಲ್ಲಿ ಗೆಲುವನ್ನು ಮೊದಲೇ ಹೇಳುವ ವಕೀಲರನ್ನು ನಂಬಬೇಡಿ.

ಶಾಲಾ ದಾಖಲಾತಿ, ಹಾಜರಾತಿ ಪತ್ರ, ಲಸಿಕೆ ಕಾರ್ಡು, ಪಡಿತರ ಚೀಟಿ, ಇವನ್ನೆಲ್ಲ ಒಂದು ಚೀಲದಲ್ಲಿಟ್ಟುಕೊಂಡು ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಆದಾಯ ಎಷ್ಟೇ ಇರಲಿ, ಮಹಿಳೆಯರಿಗೆ ಅಲ್ಲಿ ವಕೀಲರು ಉಚಿತ. ನಿಮ್ಮ ಊರು ಈಗ ಯಾವ ನ್ಯಾಯಾಲಯದ ವ್ಯಾಪ್ತಿಗೆ ಬರುತ್ತದೆಂದು ಮೊದಲು ಕೇಳಿ, ನಂತರವೇ ಅರ್ಜಿ ಬರೆಸಿ.