ಹಂಪಿಯ ಟಿಕೆಟ್ಟಿಗೆ ಒಂದೇ ದಿನದ ಆಯುಸ್ಸು ಏಕೆ?

ಹಂಪಿಯಲ್ಲಿ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆ ಮಾರುವ ಟಿಕೆಟ್ಟಿನ ಬೆಲೆ ಭಾರತೀಯರಿಗೆ 40 ರೂಪಾಯಿ, ವಿದೇಶಿಯರಿಗೆ 600. ವಿಜಯ ವಿಠಲ ದೇವಾಲಯ, ಕಮಲ ಮಹಲ್ ಇರುವ ಜನಾನಾ ಆವರಣ, ಕಮಲಾಪುರದ ವಸ್ತುಸಂಗ್ರಹಾಲಯ ಮೂರಕ್ಕೂ ಅದೊಂದೇ ಟಿಕೆಟ್ಟು. ಕೊಂಡ ದಿನವೇ ಮೂರನ್ನೂ ನೋಡಿ ಮುಗಿಸಬೇಕು, ಮರುದಿನ ಅದು ನಡೆಯದು. ಬೆಲೆ ಹೆಚ್ಚೋ ಕಡಿಮೆಯೋ ಎಂದು ಆಗಾಗ ವಾದ ನಡೆಯುತ್ತದೆ, ಆದರೆ ಆಯುಸ್ಸಿನ ಮಾತು ಯಾರೂ ಎತ್ತುವುದಿಲ್ಲ. ಗೈಡ್ ಜೊತೆಗಿನ ಒಂದು ದಿನದ ಹಂಪಿ ಪ್ರವಾಸ ಇಂದು ಓಟವಾಗಿ ಮಾರ್ಪಟ್ಟಿರುವುದಕ್ಕೆ ಈ ನಿಯಮವೇ ದೊಡ್ಡ ಕಾರಣ. ಅದೇ 40 ರೂಪಾಯಿಯ ಟಿಕೆಟ್ಟನ್ನು ಮೂರು ದಿನಕ್ಕೆ ಸಲ್ಲುವಂತೆ ಮಾಡುವುದು ಹಂಪಿಗಾಗಿ ಸರ್ಕಾರ ಮಾಡಬಹುದಾದ ಅತ್ಯಂತ ಅಗ್ಗದ ಸುಧಾರಣೆ.

ರಾಜ್ಯದ 2024–29ರ ಪ್ರವಾಸೋದ್ಯಮ ನೀತಿ ಬಂದ ಮೇಲೆ ನಡೆದ ಚರ್ಚೆಯೆಲ್ಲ ಹೂಡಿಕೆ, ಹೋಟೆಲ್ ಕೋಣೆ, ರಸ್ತೆ ಮತ್ತು ಪ್ರವಾಸಿಗರ ಸಂಖ್ಯೆಯ ಸುತ್ತಲೇ ಗಿರಕಿ ಹೊಡೆದಿದೆ. ಕೇಂದ್ರದ ಸ್ವದೇಶ ದರ್ಶನ 2.0 ಯೋಜನೆಯಲ್ಲೂ ಹಂಪಿ ಇದೆ. ಎರಡೂ ಕಡೆ ಯಶಸ್ಸಿನ ಅಳತೆ ಎಷ್ಟು ಜನ ಬಂದರು ಎಂಬುದು. ಎಷ್ಟು ಹೊತ್ತು ಇದ್ದರು, ಏನು ನೋಡಿದರು ಎಂಬುದನ್ನು ಲೆಕ್ಕ ಹಾಕದೆ ಹೋದರೆ ಬಸ್ಸುಗಳು ಹೆಚ್ಚುತ್ತವೆ, ನೋಟ ಹೆಚ್ಚುವುದಿಲ್ಲ.

ಮೊದಲು ಸ್ಥಳದ ಹರವು. 1986ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಈ ನೆಲೆಯ ಮುಖ್ಯ ವಲಯವೇ 41 ಚದರ ಕಿಲೋಮೀಟರಿಗೂ ಹೆಚ್ಚು. 2002ರ ಕಾಯ್ದೆಯಡಿ ಹಂಪಿಗಾಗಿ ರಚನೆಯಾದ ಪ್ರಾಧಿಕಾರದ ವ್ಯಾಪ್ತಿ 236 ಚದರ ಕಿಲೋಮೀಟರ್. ಉಳಿದಿರುವ ಗುಡಿ, ಮಂಟಪ, ಕೋಟೆಬಾಗಿಲು, ಕೊಳಗಳೆಲ್ಲ ಸೇರಿ 1,600ಕ್ಕೂ ಹೆಚ್ಚು. 1980ರಿಂದ ಇಲ್ಲಿ ದೀರ್ಘಕಾಲ ಸಮೀಕ್ಷೆ ನಡೆಸಿದ ಜಾನ್ ಫ್ರಿಟ್ಜ್ ಮತ್ತು ಜಾರ್ಜ್ ಮಿಷೆಲ್ ಈ ಪಟ್ಟಣವನ್ನು ಭಾಗಗಳಾಗಿ ಓದಿದರು: ನದಿಯ ದಂಡೆಯ ಪವಿತ್ರ ಕೇಂದ್ರ, ಅದರ ದಕ್ಷಿಣಕ್ಕೆ ನೀರಾವರಿಯ ಕಣಿವೆ, ಆಚೆಗೆ ಜನವಸತಿಯ ನಗರ, ಅದರೊಳಗೆ ಅರಮನೆ ಆವರಣ. ಹಂಪಿಯ ಕುರಿತ ಗಂಭೀರ ಬರಹವೆಲ್ಲ ಈ ವಿಭಾಗವನ್ನು ಒಪ್ಪಿಕೊಂಡೇ ಮುಂದೆ ಹೋಗುತ್ತದೆ. ಟೂರ್ ಮಾತ್ರ ಇದನ್ನು ಕಲಸಿಬಿಡುತ್ತದೆ. ಟಿಕೆಟ್ಟಿನ ತಾಣಗಳಲ್ಲಿ ವಿಠಲ ದೇವಾಲಯ ಪವಿತ್ರ ಕೇಂದ್ರದ ಈಶಾನ್ಯ ತುದಿಯಲ್ಲಿದೆ. ಜನಾನಾ ಆವರಣ ಅರಮನೆಯ ಭಾಗದಲ್ಲಿದೆ. ವಸ್ತುಸಂಗ್ರಹಾಲಯ ಇನ್ನೂ ದಕ್ಷಿಣಕ್ಕೆ, ಕಮಲಾಪುರದ ಊರೊಳಗೆ. ಒಂದೇ ದಿನಾಂಕ ಹೊತ್ತ ಚೀಟಿ ಕೈಯಲ್ಲಿರುವಾಗ ಬಸ್ಸು ಈ ಎರಡು ತುದಿಗಳ ನಡುವೆ ಓಡಲೇಬೇಕು.

ಆ ಓಟದ ಬೆಲೆ ಕಾಣುವುದು ದಾರಿಯಲ್ಲಿ. ವಿರೂಪಾಕ್ಷ ದೇವಾಲಯದಿಂದ ವಿಠಲ ದೇವಾಲಯಕ್ಕೆ ತುಂಗಭದ್ರೆಯ ದಂಡೆ ಹಿಡಿದು ನಡೆದರೆ ಸುಮಾರು ಎರಡು ಕಿಲೋಮೀಟರ್. ಚಕ್ರತೀರ್ಥ, ಕೋದಂಡರಾಮ ದೇವಾಲಯ, ಅಚ್ಯುತರಾಯ ದೇವಾಲಯದ ಕಡೆ ಒಡೆಯುವ ದಾರಿ, ಪುರಂದರ ಮಂಟಪ, ರಾಜನ ತುಲಾಭಾರದ ಕಲ್ಲುಕಮಾನು ಎಲ್ಲವೂ ಇರುವುದು ಈ ಹಾದಿಯಲ್ಲೇ. ಬಸ್ಸಿಗೆ ಈ ಹಾದಿ ಇಲ್ಲ. ಅದು ಕಮಲಾಪುರ ಬಳಸಿ, ತಳವಾರಘಟ್ಟದ ಬಾಗಿಲು ದಾಟಿ, ಒಂಬತ್ತು ಹತ್ತು ಕಿಲೋಮೀಟರ್ ಸುತ್ತಿ ಪಾರ್ಕಿಂಗ್ ಜಾಗ ತಲುಪುತ್ತದೆ. ಅಲ್ಲಿಂದ ಮುಂದಕ್ಕೆ ಬ್ಯಾಟರಿ ಗಾಡಿಯ ಸರದಿ. ಎರಡು ದೇವಾಲಯಗಳನ್ನು ಜೋಡಿಸುತ್ತಿದ್ದ ತೀರ್ಥಯಾತ್ರೆಯ ದಾರಿಯೇ ಪ್ರವಾಸದಿಂದ ಬಿಟ್ಟುಹೋಯಿತು. ಎರಡು ತುದಿಗಳಷ್ಟೇ ಉಳಿದವು.

ಹೊತ್ತಿನ ಲೆಕ್ಕವನ್ನೂ ಯಾರಾದರೂ ಕಾಗದದ ಮೇಲೆ ಹಾಕಿ ನೋಡಬಹುದು. ರಾತ್ರಿ ರೈಲಿಗೆ ಹೊಸಪೇಟೆಯಲ್ಲಿ ಇಳಿದು, ತಿಂಡಿ ಮುಗಿಸಿ, ಬೆಳಿಗ್ಗೆ ಒಂಬತ್ತಕ್ಕೆ ಹಂಪಿಯಲ್ಲಿ ಹೊರಟವರು ಸಂಜೆ ಐದಕ್ಕೆ ಮುಗಿಸಬೇಕು. ಆರಕ್ಕೆ ತುಂಗಭದ್ರಾ ಅಣೆಕಟ್ಟಿನ ಉದ್ಯಾನ ಕಾದಿರುತ್ತದೆ. ಇರುವುದು ಎಂಟು ಗಂಟೆ, ಅಂದರೆ 480 ನಿಮಿಷ. ಊಟಕ್ಕೆ ಒಂದು ಗಂಟೆ, ಬಸ್ಸಿನ ಓಡಾಟಕ್ಕೆ ಒಂದೂವರೆ ಗಂಟೆ, ಬ್ಯಾಟರಿ ಗಾಡಿ, ಟಿಕೆಟ್ ಕೌಂಟರ್, ಚಪ್ಪಲಿ ಬಿಡುವ ಜಾಗ, ಶೌಚಾಲಯ, ಬಸ್ ಬಿಡುವ ಮುಂಚಿನ ತಲೆ ಎಣಿಕೆಗೆ ಇನ್ನೊಂದೂವರೆ ಗಂಟೆ ಎಂದು ಹಿಡಿದರೆ ಉಳಿಯುವುದು 240 ನಿಮಿಷ. ಪ್ಯಾಕೇಜ್‌ಗಳಲ್ಲಿ ಸಾಮಾನ್ಯವಾಗಿ ಕಾಣುವ ಪಟ್ಟಿ ಹೀಗಿರುತ್ತದೆ: ವಿರೂಪಾಕ್ಷ, ಕಡಲೆಕಾಳು ಗಣಪ, ಸಾಸಿವೆಕಾಳು ಗಣಪ, ಕೃಷ್ಣ ದೇವಾಲಯ, ಉಗ್ರನರಸಿಂಹ ಮತ್ತು ಬಡವಿಲಿಂಗ, ನೆಲಮಾಳಿಗೆ ಶಿವಾಲಯ, ಜನಾನಾ ಆವರಣ, ಹಜಾರರಾಮ, ಮಹಾನವಮಿ ದಿಬ್ಬ, ರಾಣಿಯ ಸ್ನಾನಗೃಹ, ವಿಠಲ, ವಸ್ತುಸಂಗ್ರಹಾಲಯ. ಒಟ್ಟು ಹನ್ನೆರಡು. ವಿಠಲಕ್ಕೆ ಒಂದು ಗಂಟೆ ತೆಗೆದಿಟ್ಟರೆ ಉಳಿದ ಹನ್ನೊಂದಕ್ಕೆ ಸಿಗುವುದು ತಲಾ 16 ನಿಮಿಷ.

ಹದಿನಾರು ನಿಮಿಷದಲ್ಲಿ ಏನಾಗುತ್ತದೆ ಎಂಬುದಕ್ಕೆ ಹಜಾರರಾಮ ದೇವಾಲಯವೇ ಸಾಕ್ಷಿ. ಹದಿನೈದನೆಯ ಶತಮಾನದ ಆರಂಭದ ಈ ಗುಡಿ ಅರಮನೆ ಆವರಣದ ನಡುಮಧ್ಯದಲ್ಲಿದೆ. ನಗರದ ದಾರಿಗಳು ಇದರ ಸುತ್ತಲಿಂದಲೇ ಕವಲೊಡೆಯುತ್ತವೆ ಎಂದು ಫ್ರಿಟ್ಜ್ ಮತ್ತು ಮಿಷೆಲ್ ತೋರಿಸಿದ್ದಾರೆ. ಪ್ರಾಕಾರದ ಗೋಡೆಯ ಹೊರಮೈಯಲ್ಲಿ ಆನೆ, ಕುದುರೆ, ಕಾಲಾಳು, ನರ್ತಕಿಯರ ಸಾಲುಗಳು ಒಂದರ ಮೇಲೊಂದು ಸಾಗುತ್ತವೆ. ಒಳಗೆ ಗುಡಿಯ ಗೋಡೆಗಳ ಮೇಲೆ ರಾಮಾಯಣದ ಕಥೆ ನೂರಕ್ಕೂ ಹೆಚ್ಚು ಫಲಕಗಳಲ್ಲಿ ಬಿಚ್ಚಿಕೊಳ್ಳುತ್ತದೆ. ಕಥೆ ಓದಬೇಕಾದರೆ ಗುಡಿಯನ್ನು ಪ್ರದಕ್ಷಿಣೆ ಬರಬೇಕು, ಒಂದಲ್ಲ, ಮೇಲಿನ ಸಾಲು ಕೆಳಗಿನ ಸಾಲು ಎಂದು ಹಲವು ಸುತ್ತು. ಶಿಲ್ಪಿ ಗೋಡೆಯನ್ನು ರೂಪಿಸಿದ್ದೇ ನಡೆಯುವ ಕಣ್ಣಿಗಾಗಿ. 16 ನಿಮಿಷವನ್ನು ಪೂರ್ತಿ ಫಲಕಗಳಿಗೇ ಕೊಟ್ಟರೂ ಒಂದಕ್ಕೆ ಹತ್ತು ಸೆಕೆಂಡು ದಕ್ಕುವುದಿಲ್ಲ. ಹೀಗಾಗಿ ಬಲ್ಲ ಗೈಡ್ ಕೂಡ ನಾಲ್ಕು ಫಲಕ ಆರಿಸಿಕೊಂಡು, ನಡುಮಂಟಪದ ನುಣುಪಾದ ಕರಿಕಲ್ಲಿನ ಕಂಬಗಳನ್ನು ತೋರಿಸಿ, ಫೋಟೊಗೆ ಬಿಟ್ಟು, ಬಸ್ಸಿನತ್ತ ಕರೆದೊಯ್ಯುತ್ತಾನೆ. ಇದನ್ನು ಗೈಡ್‌ನ ಅಜ್ಞಾನ ಎಂದು ಬರೆಯುವವರು ಅವನ ಕೈಗಡಿಯಾರವನ್ನೂ ಒಮ್ಮೆ ನೋಡಬೇಕು.

ವಿಠಲ ದೇವಾಲಯದಲ್ಲಿ ಹೆಚ್ಚು ಹೊತ್ತು ಸಿಕ್ಕರೂ ಅದು ಹೋಗುವುದು ಕಲ್ಲಿನ ರಥದ ಮುಂದೆ. 50 ರೂಪಾಯಿ ನೋಟಿನ ಮೇಲೆ ಬಂದ ಮೇಲಂತೂ ಆ ನೋಟು ಹಿಡಿದು ಫೋಟೊ ತೆಗೆಸಿಕೊಳ್ಳುವ ಸರದಿ ಬೇರೆ. ಆ ರಥ ವಾಸ್ತವದಲ್ಲಿ ಗರುಡನ ಗುಡಿ. ಅದರ ಮೇಲೆ ಇಟ್ಟಿಗೆಯ ಗೋಪುರವಿತ್ತು. ಅಲೆಕ್ಸಾಂಡರ್ ಗ್ರೀನ್‌ಲಾ 1856ರಲ್ಲಿ ತೆಗೆದ ಛಾಯಾಚಿತ್ರದಲ್ಲಿ ಅದು ಕಾಣುತ್ತದೆ. ಇವತ್ತು ಕಾಣುವ ರೂಪ ಮೂಲದ್ದಲ್ಲ ಎಂಬುದನ್ನು ವಿವರಿಸಲು ಐದು ನಿಮಿಷ ಸಾಕು, ಆದರೆ ಆ ಐದು ನಿಮಿಷವೇ ಇಲ್ಲ. ಮಹಾಮಂಟಪದ ಸಂಗೀತ ಕಂಬಗಳನ್ನು ತಟ್ಟುವುದು ನಿಷಿದ್ಧ, ಅದು ಸರಿಯಾದ ನಿರ್ಧಾರ. ತಟ್ಟಿ ತೋರಿಸುವುದು ನಿಂತಿರುವ ಕಡೆ ಹೇಳಿ ತೋರಿಸುವುದು ಹೆಚ್ಚಬೇಕು, ಅದಕ್ಕೆ ಬೇಕಾದದ್ದೂ ಹೊತ್ತೇ.

ವಸ್ತುಸಂಗ್ರಹಾಲಯದ ಗತಿ ಇನ್ನೂ ಬೇಸರ ತರಿಸುತ್ತದೆ. ಬೆಟ್ಟ, ನದಿ, ಕೋಟೆಗಳನ್ನೆಲ್ಲ ಒಂದೇ ನೋಟದಲ್ಲಿ ತೋರಿಸುವ ಹಂಪಿಯ ಮಾದರಿ ಇರುವುದು ಅಲ್ಲಿ. ಅದನ್ನು ಮೊದಲು ನೋಡಿದವರಿಗೆ ಉಳಿದದ್ದೆಲ್ಲ ಅರ್ಥವಾಗುತ್ತದೆ. ಟೂರ್‌ನಲ್ಲಿ ಅದು ಕೊನೆಗೆ ಬರುತ್ತದೆ, ಹೊತ್ತು ಮೀರಿದರೆ ಬರುವುದೇ ಇಲ್ಲ. ಶುಕ್ರವಾರ ವಸ್ತುಸಂಗ್ರಹಾಲಯಕ್ಕೆ ರಜೆ. ಆ ದಿನ ಬಂದವರು ಮೂರು ತಾಣದ ಟಿಕೆಟ್ಟು ಕೊಂಡು ಎರಡನ್ನೇ ನೋಡುತ್ತಾರೆ, ಶನಿವಾರ ಹೋಗೋಣವೆಂದರೆ ಚೀಟಿ ಸತ್ತಿರುತ್ತದೆ.

ಧಾರ್ಮಿಕ ನೆಲೆಗಳ ವಿಷಯದಲ್ಲಿ ಈ ಅವಸರ ಇತಿಹಾಸವನ್ನೇ ಕುಗ್ಗಿಸುತ್ತದೆ. ವಿರೂಪಾಕ್ಷ ದೇವಾಲಯ ಹಾಳುಬಿದ್ದ ಊರಿನ ನಡುವೆ ಪೂಜೆ ನಿಲ್ಲದೆ ಉಳಿದ ಗುಡಿ. ಕೃಷ್ಣದೇವರಾಯ 1510ರಲ್ಲಿ ರಂಗಮಂಟಪ ಕಟ್ಟಿಸಿದ ಶಾಸನ ಅಲ್ಲಿದೆ, ಇವತ್ತಿಗೂ ಫಲಪೂಜೆ ಮತ್ತು ರಥೋತ್ಸವಕ್ಕೆ ಸುತ್ತಲಿನ ಜಿಲ್ಲೆಗಳ ಜನ ನೆರೆಯುತ್ತಾರೆ. ಆದರೆ ವಿಜಯನಗರದ ಧಾರ್ಮಿಕ ಬದುಕು ಇದೊಂದರಲ್ಲೇ ಇರಲಿಲ್ಲ. ಕಮಲಾಪುರದ ಹಾದಿಯಲ್ಲಿರುವ ಗಾಣಗಿತ್ತಿ ಜಿನಾಲಯವನ್ನು ಎರಡನೆಯ ಹರಿಹರನ ದಂಡನಾಯಕ ಇರುಗಪ್ಪ ಕಟ್ಟಿಸಿದ. ಅದರ ಮುಂದಿನ ಕಂಬದ ಶಾಸನ 1385ರದು. ಎರಡನೆಯ ದೇವರಾಯನ ಕಾಲದಲ್ಲಿ, 1439ರಲ್ಲಿ, ಅಹ್ಮದ್ ಖಾನ್ ಕಟ್ಟಿಸಿದ ಮಸೀದಿಯೂ ಗೋರಿಗಳೂ ನಗರದೊಳಗೇ ಇವೆ. ಹೇಮಕೂಟದ ಗುಡಿಗಳಲ್ಲಿ ಹಲವು ಸಾಮ್ರಾಜ್ಯಕ್ಕಿಂತ ಹಳೆಯವು. ನದಿಯಾಚೆ ಆನೆಗೊಂದಿಯ ಬಳಿ ನವಬೃಂದಾವನದಲ್ಲಿ ಮಾಧ್ವ ಯತಿ ವ್ಯಾಸರಾಯರ ಬೃಂದಾವನವಿದೆ. ಜೈನ, ಮುಸ್ಲಿಂ, ಶೈವ, ಮಾಧ್ವ ನೆಲೆಗಳೆಲ್ಲ ಒಂದೇ ರಾಜಧಾನಿಯ ನೆರಳಿನಲ್ಲಿದ್ದವು ಎಂಬುದು ಹಂಪಿ ಹೇಳಬೇಕಾದ ಮೊದಲ ಮಾತು. ಹನ್ನೆರಡು ತಾಣದ ಪಟ್ಟಿಯಲ್ಲಿ ಜಿನಾಲಯವೂ ಇಲ್ಲ, ಮಸೀದಿಯೂ ಇಲ್ಲ. ಜಿನಾಲಯದ ಮುಂದೆ ಬಸ್ಸು ನಿಧಾನಿಸುವುದೂ ಅಪರೂಪ.

ಇದಕ್ಕೆ ಪರಿಹಾರ ಹುಡುಕಲು ಹೊಸದಾಗಿ ಏನನ್ನೂ ಕಂಡುಹಿಡಿಯಬೇಕಿಲ್ಲ. ಕಾಂಬೋಡಿಯಾದ ಅಂಕೋರ್ ದರಪಟ್ಟಿಯನ್ನು ಓದಿದರೆ ಸಾಕು. 2017ರ ಫೆಬ್ರುವರಿಯಲ್ಲಿ ಅಲ್ಲಿ ವಿದೇಶಿಯರ ದರ ಏರಿತು: ಒಂದು ದಿನಕ್ಕೆ 20 ಡಾಲರ್ ಇದ್ದದ್ದು 37 ಆಯಿತು, ಮೂರು ದಿನಕ್ಕೆ 40 ಇದ್ದದ್ದು 62, ಏಳು ದಿನಕ್ಕೆ 60 ಇದ್ದದ್ದು 72. ಎಲ್ಲರೂ ಗಮನಿಸಿದ್ದು ಏರಿಕೆಯನ್ನು. ಗಮನಿಸಬೇಕಾದದ್ದು ಏರಿಕೆಯ ಇಳಿಜಾರನ್ನು. ಒಂದು ದಿನದ ಟಿಕೆಟ್ಟು ಬಹುತೇಕ ಇಮ್ಮಡಿಯಾಯಿತು, ಏಳು ದಿನದ್ದು ಐದರಲ್ಲೊಂದು ಪಾಲು ಮಾತ್ರ ಹೆಚ್ಚಿತು. ಒಂದೊಂದು ದಿನದ ಲೆಕ್ಕದಲ್ಲಿ ಕೊಂಡರೆ ಮೂರು ದಿನಕ್ಕೆ 111 ಡಾಲರ್ ಆಗಬೇಕಾದದ್ದು 62ಕ್ಕೆ ಸಿಗುತ್ತದೆ, ಏಳು ದಿನಕ್ಕೆ 259 ಆಗಬೇಕಾದದ್ದು 72ಕ್ಕೆ. ಮೂರು ದಿನ ಸತತವಾಗಿರಬೇಕಿಲ್ಲ, ಹತ್ತು ದಿನದೊಳಗೆ ಯಾವ ಮೂರು ದಿನವಾದರೂ ಆದೀತು. ಏಳು ದಿನದ ಟಿಕೆಟ್ಟಿಗೆ ಒಂದು ತಿಂಗಳ ಅವಧಿ. ಸಂಜೆ ಕೊಂಡ ಟಿಕೆಟ್ಟಿನಲ್ಲಿ ಅಂದಿನ ಸೂರ್ಯಾಸ್ತ ನೋಡಿ ಮರುದಿನವೂ ಒಳಗೆ ಹೋಗಬಹುದು. ಅವಸರದಲ್ಲಿ ಬಂದವರಿಂದ ಹೆಚ್ಚು, ನಿಂತು ನೋಡುವವರಿಂದ ಕಡಿಮೆ ಎಂಬುದು ಈ ಪಟ್ಟಿಯ ನೇರ ಮಾತು. ಹಂಪಿಯಲ್ಲಿ ವಿದೇಶಿ ಪ್ರವಾಸಿ ಮೂರು ದಿನ ನೋಡಬೇಕೆಂದರೆ 600ರ ಮೂರು ಟಿಕೆಟ್ಟು, 1,800 ರೂಪಾಯಿ. ನಿಧಾನವಾಗಿ ನೋಡುವವನಿಗೆ ಇಲ್ಲಿ ಸಿಗುವುದು ದಂಡ.

ಅಂಕೋರ್‌ನಲ್ಲಿ ದಾರಿಗಳೂ ಭಾಗವಾಗಿವೆ. ಅಂಕೋರ್ ವಾಟ್, ಬಾಯೋನ್, ತಾ ಪ್ರೋಮ್ ಸೇರಿದ 17 ಕಿಲೋಮೀಟರಿನ ಚಿಕ್ಕ ಸುತ್ತು ಒಂದು, ಪ್ರಿಯಾ ಖಾನ್, ಪ್ರೆ ರೂಪ್ ಕಡೆಯ 26 ಕಿಲೋಮೀಟರಿನ ದೊಡ್ಡ ಸುತ್ತು ಇನ್ನೊಂದು. ಫ್ರೆಂಚರ ಕಾಲದಿಂದ ಬಂದ ಈ ವಿಭಾಗವನ್ನೇ ಗೈಡ್‌ಗಳು ಇಂದಿಗೂ ಒಂದೊಂದು ದಿನಕ್ಕೆ ಹಂಚಿಕೊಳ್ಳುತ್ತಾರೆ. ಇದೆಲ್ಲ ದೂರದ ದೇಶದ ಸುದ್ದಿ ಎಂದು ತಳ್ಳಿಹಾಕುವಂತಿಲ್ಲ. 1986ರಿಂದ 1993ರವರೆಗೆ ಅಂಕೋರ್ ವಾಟ್‌ನ ಸಂರಕ್ಷಣೆ ಮಾಡಿದ್ದು, ಆಮೇಲೆ ತಾ ಪ್ರೋಮ್‌ನಲ್ಲಿ ಕೆಲಸ ಕೈಗೊಂಡದ್ದು ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯೇ. ಹಂಪಿಯ ಟಿಕೆಟ್ಟು ಮಾರುವ ಇಲಾಖೆಯೂ ಅದೇ.

ಎದುರು ವಾದಗಳಲ್ಲಿ ಒಂದಕ್ಕೆ ತೂಕವಿದೆ. ಭಾರತೀಯ ಪ್ರವಾಸಿಗೆ 40 ರೂಪಾಯಿ ಹೊರೆಯಲ್ಲ, ಬೇಕಿದ್ದರೆ ಎರಡನೆಯ ದಿನವೂ ಕೊಳ್ಳಬಹುದು, ಅವನನ್ನು ತಡೆಯುವುದು ಬಸ್ಸಿನ ಬಾಡಿಗೆ ಮತ್ತು ರಜೆ ಎಂಬ ಮಾತು ಅದು. ಬೆಲೆಯ ಮಟ್ಟಿಗೆ ಇದು ನಿಜ. ಆದರೆ ಪ್ಯಾಕೇಜ್ ರೂಪಿಸುವವನು ನೋಡುವುದು ಬೆಲೆಯನ್ನಲ್ಲ, ದಿನಾಂಕವನ್ನು. ಎರಡು ದಿನದ ಪ್ಯಾಕೇಜ್‌ನಲ್ಲೂ ಟಿಕೆಟ್ಟಿನ ತಾಣಗಳನ್ನೆಲ್ಲ ಒಂದೇ ದಿನಕ್ಕೆ ತುರುಕಿ, ಇನ್ನೊಂದು ದಿನವನ್ನು ಅಂಜನಾದ್ರಿಗೋ ಅಣೆಕಟ್ಟಿಗೋ ಕೊಡುವುದು ಇದರಿಂದಲೇ. ಚೀಟಿ ಮೂರು ದಿನ ಬದುಕಿದರೆ ಮೊದಲ ದಿನ ವಸ್ತುಸಂಗ್ರಹಾಲಯ ಮತ್ತು ಅರಮನೆಯ ಆವರಣ, ಎರಡನೆಯ ದಿನ ವಿರೂಪಾಕ್ಷದಿಂದ ನದಿಯ ಹಾದಿಯಲ್ಲಿ ನಡೆದು ವಿಠಲ ಎಂದು ಭಾಗಿಸಲು ಅಡ್ಡಿಯೇ ಇರುವುದಿಲ್ಲ. ಒಬ್ಬರ ಚೀಟಿಯಲ್ಲಿ ಇನ್ನೊಬ್ಬರು ಹೋಗುತ್ತಾರೆ ಎಂಬ ಆತಂಕಕ್ಕೂ ಉತ್ತರವಿದೆ: ಅಂಕೋರ್ ಟಿಕೆಟ್ಟಿನ ಮೇಲೆ ಕೊಂಡವರ ಭಾವಚಿತ್ರವನ್ನೇ ಅಚ್ಚು ಹಾಕುತ್ತದೆ. ಇಲ್ಲಿ ಆನ್‌ಲೈನ್ ಟಿಕೆಟ್ಟಿಗೆ ಗುರುತಿನ ಚೀಟಿಯ ಸಂಖ್ಯೆ ಈಗಾಗಲೇ ಬೇಕು.

ಒಂದೇ ದಿನ ಇರುವವರ ಪಾಡೇನು? ಶಾಲಾ ಮಕ್ಕಳು, ಕೂಲಿ ಬಿಟ್ಟು ಬಂದ ಯಾತ್ರಿಕರು, ರಾತ್ರಿ ರೈಲಿಗೆ ಹಿಂದಿರುಗುವವರು ಬಹುಸಂಖ್ಯೆಯಲ್ಲಿದ್ದಾರೆ, ಇರಲೂ ಬೇಕು. ಅವರಿಗೆ ಎಲ್ಲವನ್ನೂ ಅರೆಬರೆ ತೋರಿಸುವುದಕ್ಕಿಂತ ಒಂದು ಭಾಗವನ್ನು ಪೂರ್ತಿ ತೋರಿಸುವುದು ನ್ಯಾಯ. ಅರಮನೆಯ ಆವರಣ ಒಂದು ಟೂರ್, ಪವಿತ್ರ ಕೇಂದ್ರ ಇನ್ನೊಂದು ಟೂರ್. ಏಳನೆಯ ತರಗತಿಯ ಮಗು ಮಹಾನವಮಿ ದಿಬ್ಬ ಹತ್ತಿ, ಮೆಟ್ಟಿಲಿನ ಪುಷ್ಕರಣಿಗೆ ನೀರು ತಂದ ಕಲ್ಲಿನ ತೊಟ್ಟಿಯ ಸಾಲನ್ನು ಕಾಲ್ನಡಿಗೆಯಲ್ಲಿ ಹಿಂಬಾಲಿಸಿ, ‘ತುರ್ತು’ ಎಂಬ ಹೆಸರಿನ ಆ ಕಾಲದ ಕಾಲುವೆ ಇಂದಿಗೂ ಬಾಳೆತೋಟಕ್ಕೆ ನೀರುಣಿಸುವುದನ್ನು ನೋಡಿ ಹೋದರೆ ಅದು ಹನ್ನೆರಡು ತಾಣಗಳ ಫೋಟೊಗಿಂತ ದೊಡ್ಡ ಗಳಿಕೆ.

ಉಳಿದುಕೊಳ್ಳುವ ಜಾಗದ ಪ್ರಶ್ನೆಯನ್ನು ಬಿಟ್ಟು ಈ ಮಾತು ಮುಗಿಯುವುದಿಲ್ಲ. 2011ರ ಜುಲೈಯಲ್ಲಿ ಹಂಪಿ ಬಜಾರಿನ ಮಂಟಪಗಳಲ್ಲಿದ್ದ ಮನೆ, ಅಂಗಡಿಗಳನ್ನು ತೆರವು ಮಾಡಲಾಯಿತು. 2020ರ ಫೆಬ್ರುವರಿಯ ಸುಪ್ರೀಂ ಕೋರ್ಟ್ ತೀರ್ಪಿನ ನಂತರ ನದಿಯಾಚೆಯ ವಿರೂಪಾಪುರ ಗಡ್ಡೆಯ ರೆಸಾರ್ಟ್‌ಗಳು ನೆಲಸಮವಾದವು. ಸ್ಮಾರಕಗಳ ರಕ್ಷಣೆ ಮತ್ತು ಕಾನೂನಿನ ದೃಷ್ಟಿಯಿಂದ ಇವಕ್ಕೆ ಕಾರಣಗಳಿದ್ದವು. ಆದರೆ ನಡೆದು ನೋಡುವಷ್ಟು ಹತ್ತಿರದಲ್ಲಿ, ಕಡಿಮೆ ದುಡ್ಡಿಗೆ ಮಲಗಲು ಸಿಗುತ್ತಿದ್ದ ಜಾಗಗಳು ಅದರೊಂದಿಗೆ ಹೋದವು. ಹನ್ನೆರಡು ಹದಿಮೂರು ಕಿಲೋಮೀಟರ್ ದೂರದ ಹೊಸಪೇಟೆಯೇ ತಂಗುವ ಊರಾಯಿತು, ಬೆಳಿಗ್ಗೆ ಬಂದು ಸಂಜೆ ಹೋಗುವ ಪದ್ಧತಿ ಗಟ್ಟಿಯಾಯಿತು. ಹೊಸ ನೀತಿಯ ಹಣದಲ್ಲಿ ಕಮಲಾಪುರ, ಕಡ್ಡಿರಾಂಪುರ, ಆನೆಗೊಂದಿಯ ಮನೆಗಳಲ್ಲೇ ಅಗ್ಗದ ತಂಗುದಾಣಗಳಿಗೆ ನೆರವು ಸಿಗಬೇಕು.

ಟಿಕೆಟ್ಟಿನ ಅವಧಿ ಕೇಂದ್ರದ ಕೈಯಲ್ಲಿದೆ, ಅದಕ್ಕೆ ಸಂಸ್ಕೃತಿ ಸಚಿವಾಲಯದ ಒಂದು ಆದೇಶ ಸಾಕು. ರಾಜ್ಯದ ಪಾಲಿಗೆ ಉಳಿಯುವುದು ತನ್ನ ಪ್ರವಾಸೋದ್ಯಮ ನಿಗಮದ ಪ್ಯಾಕೇಜ್‌ಗಳನ್ನು ಭಾಗವಾರು ಮಾಡುವುದು ಮತ್ತು ಗೈಡ್‌ಗಳ ಸಂಭಾವನೆ. ಇಂದು ಗೈಡ್‌ಗೆ ಹಣ ಸಿಗುವುದು ಅರ್ಧ ದಿನ, ಪೂರ್ತಿ ದಿನದ ಲೆಕ್ಕದಲ್ಲಿ. ಎರಡು ದಿನ ಒಂದೇ ಗುಂಪಿನ ಜೊತೆ ನಡೆಯುವವನಿಗೂ, ಜಿನಾಲಯದ ಶಾಸನದ ಮುಂದೆ ನಿಂತು ಇರುಗಪ್ಪನ ಹೆಸರು ಓದಿ ತೋರಿಸಬಲ್ಲವನಿಗೂ ಬೇರೆ ದರ ನಿಗದಿಯಾಗಬೇಕು.